ಮೊದಲು ಹಾಡು, ಆಮೇಲೆ ಬಾವುಟ

1830ರ ಆಗಸ್ಟ್ 25ರ ರಾತ್ರಿಯಿಂದ ಶುರು ಮಾಡೋಣ. ಬ್ರಸೆಲ್ಸ್ ನಗರದ ಲಾ ಮೊನೆ ರಂಗಮಂದಿರದಲ್ಲಿ ಒಂದು ಸಂಗೀತ ನಾಟಕ ನಡೆಯುತ್ತಿತ್ತು. ಕಥೆ ಇಟಲಿಯ ನೇಪಲ್ಸ್ ನಗರದ್ದು. ಹದಿನೇಳನೇ ಶತಮಾನದಲ್ಲಿ ಅಲ್ಲಿನ ಜನ ಸ್ಪೇನಿನ ಆಳ್ವಿಕೆಯ ವಿರುದ್ಧ ದಂಗೆ ಎದ್ದದ್ದನ್ನು ಅದು ಹೇಳುತ್ತಿತ್ತು. ನಾಡಿನ ಮೇಲಿನ ಪ್ರೀತಿಯ ಹಾಡು ಬಂದಾಗ ಪ್ರೇಕ್ಷಕರು ಕೂಗೆಬ್ಬಿಸಿದರು. ನಾಟಕದಿಂದ ಹೊರಬಂದವರು ಬೀದಿಯಲ್ಲಿ ಸೇರಿದ್ದ ಜನರೊಂದಿಗೆ ಒಂದಾದರು. ಆಗ ಆಳುತ್ತಿದ್ದ ಡಚ್ ಸರ್ಕಾರದ ಪರ ಬರೆಯುತ್ತಿದ್ದ ಪತ್ರಿಕೆಯ ಕಚೇರಿ ಪುಡಿಯಾಯಿತು. ನ್ಯಾಯಮಂತ್ರಿಯ ಮನೆಗೆ ಬೆಂಕಿ ಬಿತ್ತು. ಸೆಪ್ಟೆಂಬರ್ ಕೊನೆಗೆ ಡಚ್ ಸೇನೆ ಬ್ರಸೆಲ್ಸ್ ಬಿಟ್ಟು ಹಿಂದೆ ಸರಿಯಿತು. ಅಕ್ಟೋಬರ್ 4ರಂದು ಬೆಲ್ಜಿಯಂ ತಾನು ಸ್ವತಂತ್ರ ಎಂದು ಸಾರಿತು.

ಒಂದು ಹಾಡು ಒಂದು ದೇಶ ಕಟ್ಟಿತು ಅಂದರೆ ಕೇಳೋಕೆ ಚೆಂದ. ಆದರೆ ಆ ಜನ ಸುಮ್ನೆ ಎದ್ದವರಲ್ಲ. ನೆಪೋಲಿಯನ್ ಸೋತ ಮೇಲೆ, 1815ರಲ್ಲಿ, ಯುರೋಪಿನ ದೊಡ್ಡ ರಾಜ್ಯಗಳು ಅವರನ್ನು ಕೇಳದೆಯೇ ಡಚ್ ರಾಜನ ಕೈಗೆ ಕೊಟ್ಟಿದ್ದವು. ದಕ್ಷಿಣದವರ, ಅಂದರೆ ಬೆಲ್ಜಿಯಂನವರ, ಸಂಖ್ಯೆ ಜಾಸ್ತಿ, ಆದರೆ ಸಂಸತ್ತಿನಲ್ಲಿ ಸಿಕ್ಕಿದ್ದು ಅರ್ಧ ಸ್ಥಾನ. ಅವರು ಕ್ಯಾಥೊಲಿಕರು, ರಾಜ ಪ್ರಾಟೆಸ್ಟೆಂಟ್. ಆ ವರ್ಷ ರೊಟ್ಟಿ ದುಬಾರಿಯಾಗಿತ್ತು, ಕೆಲಸ ಇರಲಿಲ್ಲ. ಒಂದು ತಿಂಗಳ ಹಿಂದಷ್ಟೇ ಪ್ಯಾರಿಸ್‌ನ ಜನ ತಮ್ಮ ರಾಜನನ್ನು ಓಡಿಸಿದ್ದರು. ಇಷ್ಟೆಲ್ಲಾ ಸಿಟ್ಟು ಬೇರೆ ಬೇರೆ ಮನೆಗಳಲ್ಲಿ, ಬೇರೆ ಬೇರೆ ಕಾರಣಕ್ಕೆ ಇತ್ತು. ವಕೀಲನ ಸಿಟ್ಟಿಗೂ ಕೂಲಿಯವನ ಸಿಟ್ಟಿಗೂ ಸಂಬಂಧ ಇರಲಿಲ್ಲ. ಆ ರಾತ್ರಿ ಅವೆರಡೂ ಒಂದೇ ಬೀದಿಗೆ ಬಂದವು.

ನಾನು ಇವತ್ತು ಹೇಳಬೇಕೆಂದಿರುವುದು ಇದನ್ನೇ. ಆಧುನಿಕ ಇತಿಹಾಸವನ್ನು ನಾವು ಸಾಮಾನ್ಯವಾಗಿ ಸಿದ್ಧಾಂತಗಳ ಕಥೆಯಾಗಿ ಓದುತ್ತೇವೆ. ಉದಾರವಾದ ಬಂತು, ರಾಷ್ಟ್ರವಾದ ಬಂತು, ಸಮಾಜವಾದ ಬಂತು, ಫ್ಯಾಸಿಸಂ ಬಂತು ಅಂತ. ಆದರೆ ಯಾವ ಸಿದ್ಧಾಂತಕ್ಕೂ ಮೊದಲು 'ನಾವು' ಅಂತ ಹೇಳಿಕೊಳ್ಳುವ ಒಂದು ಗುಂಪು ಬೇಕು. ಆ 'ನಾವು' ತಾನಾಗಿ ಹುಟ್ಟುವುದಿಲ್ಲ. ಅದನ್ನು ಹುಟ್ಟಿಸಿದವರಲ್ಲಿ ಹೆಚ್ಚಿನವರು ಕವಿಗಳು, ನಿಘಂಟು ಮಾಡಿದವರು, ಹಾಡು ಕೂಡಿಸಿದವರು, ಶಾಲೆ ಮೇಷ್ಟ್ರುಗಳು. ರಾಜಕೀಯ ಸಿದ್ಧಾಂತ ಆಮೇಲೆ ಬಂದು ಆ 'ನಾವು' ಎಲ್ಲಿಗೆ ಹೋಗಬೇಕು, ಯಾರ ವಿರುದ್ಧ ಹೋಗಬೇಕು ಎಂದು ಹೇಳುತ್ತದೆ.

ಇದಕ್ಕೆ ಫಿನ್ಲೆಂಡಿಗಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ. ಸ್ವಲ್ಪ ಹೊತ್ತು ಅಲ್ಲೇ ನಿಲ್ಲೋಣ.

ಫಿನ್ಲೆಂಡ್ ನೂರಾರು ವರ್ಷ ಸ್ವೀಡನ್ನಿನ ಭಾಗವಾಗಿತ್ತು. 1809ರಲ್ಲಿ ರಷ್ಯಾದ ಕೈಗೆ ಹೋಯಿತು. ಹಳ್ಳಿಗಳಲ್ಲಿ ಜನ ಫಿನ್ನಿಷ್ ಮಾತಾಡುತ್ತಿದ್ದರು. ಆದರೆ ಓದಿದವರ ಭಾಷೆ, ಕಚೇರಿಯ ಭಾಷೆ, ವಿಶ್ವವಿದ್ಯಾಲಯದ ಭಾಷೆ ಸ್ವೀಡಿಷ್. ಅಂಥ ಹೊತ್ತಿನಲ್ಲಿ ಎಲಿಯಾಸ್ ಲೊನ್ರೋಟ್ ಎಂಬ ವೈದ್ಯ ಇದ್ದ. ಬಡ ದರ್ಜಿಯ ಮಗ. ಕಯಾನಿ ಎಂಬ ದೂರದ ಊರಿನಲ್ಲಿ ಜಿಲ್ಲಾ ವೈದ್ಯನಾಗಿ ಕೆಲಸ ಮಾಡುತ್ತಾ, ರಜೆ ಸಿಕ್ಕಾಗಲೆಲ್ಲಾ ಗಡಿಯಾಚೆಯ ಕರೇಲಿಯಾದ ಹಳ್ಳಿಗಳಿಗೆ ಹೋಗಿ ಹಳೆಯ ಹಾಡುಗಳನ್ನು ಬರೆದುಕೊಳ್ಳುತ್ತಿದ್ದ. 1834ರಲ್ಲಿ ಅರ್ಹಿಪ್ಪಾ ಪೆರ್ಟುನೆನ್ ಎಂಬ ಮುದುಕ ಅವನಿಗೆ ಕೆಲವೇ ದಿನಗಳಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಸಾಲು ಹಾಡಿ ಬರೆಸಿದ. ಎಲ್ಲಾ ನೆನಪಿನಿಂದ! ಈ ಹಾಡುಗಳನ್ನು ಜೋಡಿಸಿ, ನಡುವೆ ತನ್ನದೂ ಕೆಲವು ಸಾಲು ಸೇರಿಸಿ, ಲೊನ್ರೋಟ್ 1835ರಲ್ಲಿ ಕಲೆವಾಲ ಎಂಬ ಮಹಾಕಾವ್ಯ ಪ್ರಕಟಿಸಿದ. 1849ರಲ್ಲಿ ಅದು ಬೆಳೆದು 50 ಹಾಡು, 22,795 ಸಾಲು ಆಯಿತು.

ಮೊದಲ ಮುದ್ರಣ 500 ಪ್ರತಿ. ಅವು ಖರ್ಚಾಗಲು ವರ್ಷಗಟ್ಟಲೆ ಹಿಡಿಯಿತು. ಹಾಗಿದ್ದರೆ ಅದು ಮಾಡಿದ್ದೇನು? ಸ್ವೀಡಿಷ್ ಮಾತಾಡುವ ಓದಿದ ಯುವಕರಿಗೆ, ತಮ್ಮ ಮನೆಯ ಆಳುಗಳ ಭಾಷೆಯಲ್ಲಿ ಒಂದು ಮಹಾಕಾವ್ಯ ಇದೆ ಎಂದು ತೋರಿಸಿತು. ಇದು ಸಣ್ಣ ವಿಷಯ ಅಲ್ಲ. ಆ ಕಾಲದ ಯುರೋಪಿನಲ್ಲಿ ಮಹಾಕಾವ್ಯ ಇದ್ದವರಿಗೆ ಮಾತ್ರ ಇತಿಹಾಸ ಇದೆ ಎಂಬ ನಂಬಿಕೆ ಇತ್ತು. ಆಮೇಲೆ ಸ್ನೆಲ್‌ಮನ್ ಎಂಬ ತತ್ವಜ್ಞಾನಿ ಇದನ್ನು ರಾಜಕೀಯದ ಬೇಡಿಕೆಯಾಗಿ ಬದಲಾಯಿಸಿದ. ಶಾಲೆಯಲ್ಲಿ, ಕೋರ್ಟಿನಲ್ಲಿ, ಕಚೇರಿಯಲ್ಲಿ ಜನರ ಭಾಷೆ ಬೇಕು ಎಂದ. 1863ರಲ್ಲಿ ರಷ್ಯಾದ ಚಕ್ರವರ್ತಿ ಎರಡನೇ ಅಲೆಕ್ಸಾಂಡರ್, 20 ವರ್ಷದೊಳಗೆ ಫಿನ್ನಿಷ್‌ಗೆ ಸ್ವೀಡಿಷ್‌ಗೆ ಸಮನಾದ ಜಾಗ ಕೊಡಬೇಕೆಂದು ಆಜ್ಞೆ ಹೊರಡಿಸಿದ. ಸ್ವೀಡನ್ನಿನ ನೆನಪು ಮಸುಕಾಗುವುದು ರಷ್ಯಾಕ್ಕೂ ಬೇಕಾಗಿತ್ತು. ಆಳುವವರು ತಮ್ಮ ಲಾಭಕ್ಕೆ ಕೊಟ್ಟದ್ದು ಜನರ ಕೈಯಲ್ಲಿ ಬೇರೆಯೇ ಆಗಿ ಬೆಳೆಯುವುದನ್ನು ಇತಿಹಾಸದಲ್ಲಿ ಮತ್ತೆ ಮತ್ತೆ ನೋಡುತ್ತೇವೆ.

1899ರಲ್ಲಿ ಚಕ್ರವರ್ತಿ ಎರಡನೇ ನಿಕೊಲಾಸ್ ಫಿನ್ಲೆಂಡಿನ ಸ್ವಾಯತ್ತತೆಗೆ ಕೈ ಹಾಕಿದ. ಆಗ ಏನಾಯಿತು ನೋಡಿ. ಚಳಿಗಾಲದಲ್ಲಿ ಯುವಕರು ಹಿಮದಲ್ಲಿ ಜಾರುತ್ತಾ ಹಳ್ಳಿ ಹಳ್ಳಿಗೆ ಹೋಗಿ, ಕೆಲವೇ ವಾರದಲ್ಲಿ ಐದು ಲಕ್ಷಕ್ಕೂ ಹೆಚ್ಚು ಸಹಿ ಸಂಗ್ರಹಿಸಿದರು. ಇಡೀ ದೇಶದ ಜನಸಂಖ್ಯೆ ಮೂವತ್ತು ಲಕ್ಷವೂ ಇರಲಿಲ್ಲ. ಚಕ್ರವರ್ತಿ ಆ ಮನವಿ ತಂದವರನ್ನು ಭೇಟಿಯಾಗಲೂ ಒಪ್ಪಲಿಲ್ಲ. ಅದೇ ವರ್ಷ ನವೆಂಬರಿನಲ್ಲಿ, ಪತ್ರಿಕೆಗಳ ಮೇಲಿನ ಒತ್ತಡವನ್ನು ವಿರೋಧಿಸಿ ನಡೆದ ಸಮಾರಂಭಕ್ಕೆ ಸಿಬೆಲಿಯಸ್ ಎಂಬ ಸಂಗೀತಗಾರ ಸಂಗೀತ ಬರೆದ. ಅದರ ಕೊನೆಯ ಭಾಗವೇ ಮುಂದೆ ಫಿನ್ಲಾಂಡಿಯಾ ಎಂದು ಲೋಕಕ್ಕೆಲ್ಲಾ ಗೊತ್ತಾಯಿತು. 1906ರಲ್ಲಿ, ಸ್ನೆಲ್‌ಮನ್ ಹುಟ್ಟಿ ನೂರು ವರ್ಷ ಆದಾಗ, ಹತ್ತಾರು ಸಾವಿರ ಜನ ತಮ್ಮ ಸ್ವೀಡಿಷ್ ಹೆಸರು ಬಿಟ್ಟು ಫಿನ್ನಿಷ್ ಹೆಸರು ಇಟ್ಟುಕೊಂಡರು. ಅದೇ ವರ್ಷ ಅಲ್ಲಿನ ಹೆಂಗಸರಿಗೆ ಮತದ ಹಕ್ಕು ಬಂತು, ಯುರೋಪಿನಲ್ಲೇ ಮೊದಲು. ಮರುವರ್ಷ 19 ಮಹಿಳೆಯರು ಸಂಸತ್ತಿಗೆ ಬಂದರು. 1917ರ ಡಿಸೆಂಬರ್ 6ರಂದು ದೇಶ ಸ್ವತಂತ್ರವಾಯಿತು.

ಇಲ್ಲಿಗೆ ನಿಲ್ಲಿಸಿದರೆ ಸುಂದರ ಕಥೆ. ಆದರೆ ನಿಲ್ಲಿಸಬಾರದು. ಸ್ವಾತಂತ್ರ್ಯ ಬಂದು ಎರಡು ತಿಂಗಳೂ ಆಗಿರಲಿಲ್ಲ, 1918ರ ಜನವರಿಯಲ್ಲಿ ಅಲ್ಲಿ ಅಂತರ್ಯುದ್ಧ ಶುರುವಾಯಿತು. ಸಮಾಜವಾದಿಗಳ ಕೆಂಪು ಪಡೆ ಒಂದು ಕಡೆ, ಸರ್ಕಾರದ ಬಿಳಿ ಪಡೆ ಇನ್ನೊಂದು ಕಡೆ. 35 ಸಾವಿರಕ್ಕೂ ಹೆಚ್ಚು ಜನ ಸತ್ತರು. ಅದರಲ್ಲಿ ಸಾವಿರಾರು ಜನ ಸತ್ತದ್ದು ಯುದ್ಧ ಮುಗಿದ ಮೇಲೆ, ಸೆರೆ ಶಿಬಿರಗಳಲ್ಲಿ, ಹಸಿವು ಮತ್ತು ರೋಗದಿಂದ. ಎರಡೂ ಕಡೆಯವರಲ್ಲಿ ಹೆಚ್ಚಿನವರು ಅದೇ ಭಾಷೆಯವರು, ಅದೇ ಕಾವ್ಯವನ್ನು ಶಾಲೆಯಲ್ಲಿ ಓದಿದವರು. ಭೂಮಿ ಇಲ್ಲದ ಗೇಣಿದಾರನಿಗೆ, ಅನ್ನ ಸಿಗದ ಕಾರ್ಮಿಕನಿಗೆ, ಭಾಷೆಯೊಂದೇ ಸಾಕಾಗಲಿಲ್ಲ. ಅವನ ಪ್ರಶ್ನೆಗೆ ಸಮಾಜವಾದ ಉತ್ತರ ಕೊಡುತ್ತೇನೆ ಎಂದಿತ್ತು.

ಮುಂದೆ ಗಾಯ ಮಾಯಲು ಸಹಾಯ ಮಾಡಿದ್ದು ಯಾವುದು ಗೊತ್ತಾ? ಅದೇ 1918ರ ಶರತ್ಕಾಲದಲ್ಲಿ ಗೇಣಿದಾರರಿಗೆ ಭೂಮಿ ಕೊಳ್ಳುವ ಹಕ್ಕು ಕೊಟ್ಟರು. 1919ರಲ್ಲಿ ಸೋತ ಕೆಂಪು ಕಡೆಯವರ ಪಕ್ಷಕ್ಕೂ ಚುನಾವಣೆಗೆ ಬಿಟ್ಟರು, 200ರಲ್ಲಿ 80 ಸ್ಥಾನ ಬಂತು. 1926ರಲ್ಲಿ ಅದೇ ಪಕ್ಷ ಸರ್ಕಾರ ಮಾಡಿತು. ಸಂಸ್ಕೃತಿ ಒಂದುಗೂಡಿಸಿದ ಜನ ಒಂದಾಗಿಯೇ ಉಳಿಯಲು ಭೂಮಿ ಮತ್ತು ಮತ ಬೇಕಾಯಿತು. ಇದನ್ನು ಮರೆತು ಬರೀ ಸಂಸ್ಕೃತಿ ಸಂಸ್ಕೃತಿ ಅನ್ನುವವರನ್ನು ಕಂಡರೆ ನನಗೆ ಕಳವಳ ಆಗುತ್ತದೆ.

ಈಗ ಇನ್ನೊಂದು ಮುಖ. ಕವಿಗಳೆಲ್ಲಾ ಒಳ್ಳೆಯದನ್ನೇ ತಂದರು ಎಂದು ಯಾರೂ ಅಂದುಕೊಳ್ಳಬಾರದು. 1909ರ ಫೆಬ್ರವರಿ 20ರಂದು ಪ್ಯಾರಿಸ್‌ನ ಒಂದು ಪತ್ರಿಕೆಯ ಮೊದಲ ಪುಟದಲ್ಲಿ ಇಟಲಿಯ ಕವಿ ಮರಿನೆಟ್ಟಿಯ ಘೋಷಣೆ ಬಂತು. ವೇಗವನ್ನು, ಯಂತ್ರವನ್ನು ಹೊಗಳಿದ್ದ. ಯುದ್ಧವೇ ಲೋಕವನ್ನು ಶುಚಿ ಮಾಡುವುದು ಎಂದಿದ್ದ. ಹತ್ತು ವರ್ಷದ ನಂತರ, 1919ರಲ್ಲಿ, ಇನ್ನೊಬ್ಬ ಕವಿ ದಾನ್ನುನ್ಸಿಯೊ ಹಿಂಬಾಲಕರನ್ನು ಕಟ್ಟಿಕೊಂಡು ಫಿಯುಮೆ ಎಂಬ ಬಂದರು ನಗರವನ್ನೇ ವಶ ಮಾಡಿಕೊಂಡು ವರ್ಷಕ್ಕೂ ಮೇಲೆ ಆಳಿದ. ಮಹಡಿಯ ಮೇಲೆ ನಿಂತು ಜನರಿಗೆ ಪ್ರಶ್ನೆ ಕೇಳುವುದು, ಜನ ಒಂದೇ ದನಿಯಲ್ಲಿ ಉತ್ತರ ಕೂಗುವುದು, ಕಪ್ಪು ಅಂಗಿ, ಚಾಚಿದ ಕೈಯ ವಂದನೆ, ಎಲ್ಲಾ ಅಲ್ಲಿ ಇತ್ತು. ಮುಸೊಲಿನಿ ಅದನ್ನೆಲ್ಲಾ ಗಮನಿಸಿ ತನ್ನದಾಗಿಸಿಕೊಂಡ. 1922ರ ಅಕ್ಟೋಬರಿನಲ್ಲಿ ಅವನು ಅಧಿಕಾರಕ್ಕೆ ಬಂದಾಗ ಅವನ ಸಿದ್ಧಾಂತ ಇನ್ನೂ ಗೊಂದಲದಲ್ಲೇ ಇತ್ತು, ಆದರೆ ವೇಷ ಮತ್ತು ಧಾಟಿ ಮಾತ್ರ ತಯಾರಾಗಿತ್ತು. ಫ್ಯಾಸಿಸಂನ ಬಗ್ಗೆ ಯೋಚಿಸುವಾಗ ನಾವು ಅದರ ಪುಸ್ತಕ ಹುಡುಕುತ್ತೇವೆ. ಅದರ ಬೇರು ಅಂಥ ಸಭೆಗಳಲ್ಲಿ ಇದೆ.

ಚೀನಾಕ್ಕೆ ಬರೋಣ. ಇದು ನನಗೆ ಬಹಳ ಮುಖ್ಯವಾದ ಉದಾಹರಣೆ, ಯಾಕೆಂದರೆ ಇಲ್ಲಿ ಒಂದೇ ಆಲೋಚನೆ ಕೆಳಗಿನಿಂದ ಬಂದಾಗ ಏನಾಗುತ್ತದೆ, ಮೇಲಿನಿಂದ ಬಂದಾಗ ಏನಾಗುತ್ತದೆ, ಎರಡನ್ನೂ ನೋಡಬಹುದು.

1911ರ ಕ್ರಾಂತಿಯಲ್ಲಿ ಚೀನಾದ ರಾಜಮನೆತನ ಬಿತ್ತು. ಗಣರಾಜ್ಯ ಬಂತು, ಆದರೆ ಜನರ ಬದುಕು ಬದಲಾಗಲಿಲ್ಲ. ಸೇನಾ ನಾಯಕರು ಪ್ರಾಂತ್ಯಗಳನ್ನು ಹಂಚಿಕೊಂಡರು. ಆಗ ಕೆಲವು ಓದುಬರಹದವರಿಗೆ ಅನ್ನಿಸಿತು: ಸಿಂಹಾಸನ ಹೋಯಿತು, ಆದರೆ ಮನೆಯೊಳಗಿನ ಸಿಂಹಾಸನಗಳು ಹಾಗೇ ಇವೆ. ಅಪ್ಪನ ಮಾತೇ ಕೊನೆ, ಗಂಡನ ಮಾತೇ ಕೊನೆ, ಸತ್ತವರ ಮಾತೇ ಕೊನೆ. 1915ರಲ್ಲಿ ಚೆನ್ ಡುಷಿಯು ಶಾಂಘೈನಲ್ಲಿ 'ಹೊಸ ಯೌವನ' ಎಂಬ ಪತ್ರಿಕೆ ಶುರು ಮಾಡಿದ. ವಿಜ್ಞಾನ ಮತ್ತು ಪ್ರಜಾಪ್ರಭುತ್ವ, ಈ ಎರಡೇ ಚೀನಾವನ್ನು ಉಳಿಸುತ್ತವೆ ಎಂದು ಆ ಪತ್ರಿಕೆಯಲ್ಲಿ ಬರೆದ. 1917ರಲ್ಲಿ ಹು ಶಿ ಎಂಬ ಯುವಕ ಅಲ್ಲಿಯೇ ಒಂದು ಲೇಖನ ಬರೆದ. ಹಳೆಯ ಪಂಡಿತರ ಭಾಷೆ ಬಿಡಿ, ಜನ ಮಾತಾಡುವ ಭಾಷೆಯಲ್ಲಿ ಬರೆಯಿರಿ ಎಂದ. ಮರುವರ್ಷ ಲು ಷುನ್ ಅದೇ ಪತ್ರಿಕೆಯಲ್ಲಿ ಆಡುಮಾತಿನ ಕಥೆ ಪ್ರಕಟಿಸಿದ. ಹಳೆಯ ಧರ್ಮಬೋಧೆಯ ಸಾಲುಗಳ ನಡುವೆ 'ಮನುಷ್ಯರನ್ನು ತಿನ್ನಿ' ಎಂದು ಬರೆದಿರುವುದನ್ನು ಒಬ್ಬ ಹುಚ್ಚ ಕಾಣುತ್ತಾನೆ. ಅಷ್ಟು ಕಟುವಾದ ಟೀಕೆ. ಆದರೆ ಅದು ಪೆನ್ನಿನಿಂದ ಬಂದ ಟೀಕೆ. ಓದುಗ ಒಪ್ಪಬಹುದು, ಒಪ್ಪದೇ ಇರಬಹುದು.

1919ರ ಮೇ 4. ಮೊದಲ ಮಹಾಯುದ್ಧ ಮುಗಿದು ಪ್ಯಾರಿಸ್‌ನಲ್ಲಿ ಶಾಂತಿ ಸಂಧಾನ ನಡೆಯುತ್ತಿತ್ತು. ಶಾಂಡಾಂಗ್ ಪ್ರಾಂತ್ಯದಲ್ಲಿ ಜರ್ಮನಿಗಿದ್ದ ಹಕ್ಕನ್ನು ಚೀನಾಕ್ಕೆ ವಾಪಸ್ ಕೊಡದೆ ಜಪಾನಿಗೆ ಕೊಡುತ್ತಾರೆ ಎಂಬ ಸುದ್ದಿ ಬಂತು. ಚೀನಾ ಗೆದ್ದವರ ಕಡೆ ಇದ್ದ ದೇಶ! ಬೀಜಿಂಗಿನ ಸುಮಾರು ಮೂರು ಸಾವಿರ ವಿದ್ಯಾರ್ಥಿಗಳು ತಿಯಾನನ್ಮೆನ್ ಎದುರು ಸೇರಿದರು. ಜೂನ್ ಹೊತ್ತಿಗೆ ಶಾಂಘೈನಲ್ಲಿ ಅಂಗಡಿಗಳು ಮುಚ್ಚಿದವು, ಕಾರ್ಮಿಕರು ಮುಷ್ಕರ ಹೂಡಿದರು. ಚೀನಾ ಆ ಒಪ್ಪಂದಕ್ಕೆ ಸಹಿ ಹಾಕಲಿಲ್ಲ. ನಾಲ್ಕು ವರ್ಷ ಒಂದು ಪತ್ರಿಕೆ ಮಾಡಿದ ಕೆಲಸ ಆ ದಿನ ಬೀದಿಗೆ ಬಂದಿತ್ತು.

ಆಮೇಲೆ ದಾರಿ ಕವಲೊಡೆಯಿತು. ಉದಾರವಾದ ಮಾತಾಡುವ ಪಶ್ಚಿಮದ ದೇಶಗಳೇ ಮೋಸ ಮಾಡಿದವು ಎಂದು ಅನೇಕರಿಗೆ ಅನ್ನಿಸಿತು. ರಷ್ಯಾದ ಕ್ರಾಂತಿ ಕಣ್ಣಿಗೆ ಬಿತ್ತು. 1921ರಲ್ಲಿ ಕಮ್ಯುನಿಸ್ಟ್ ಪಕ್ಷ ಹುಟ್ಟಿದಾಗ ಅದರ ಮೊದಲ ನಾಯಕ ಅದೇ ಚೆನ್ ಡುಷಿಯು. ಹು ಶಿ ಮಾತ್ರ ಆ ಕಡೆ ಹೋಗಲಿಲ್ಲ. ದೊಡ್ಡ ವಾದಗಳನ್ನು ಬಿಟ್ಟು ಒಂದೊಂದೇ ಸಮಸ್ಯೆ ಬಿಡಿಸೋಣ ಎಂಬುದು ಅವನ ನಿಲುವು. ಹಸಿದ, ಸೀಳಿದ ದೇಶಕ್ಕೆ ಅಷ್ಟು ತಾಳ್ಮೆ ಇರಲಿಲ್ಲ. 1929ರಲ್ಲಿ ಚೆನ್‌ನನ್ನು ಅವನೇ ಕಟ್ಟಿದ ಪಕ್ಷ ಹೊರಹಾಕಿತು. 1950ರ ದಶಕದಲ್ಲಿ ಹು ಶಿಯ ಆಲೋಚನೆಗಳ ವಿರುದ್ಧ, ಆಗ ಆಳುತ್ತಿದ್ದ ಕಮ್ಯುನಿಸ್ಟ್ ಸರ್ಕಾರವೇ ದೇಶದಾದ್ಯಂತ ಅಭಿಯಾನ ನಡೆಸಿತು.

1966ಕ್ಕೆ ಬನ್ನಿ. ಸಾಂಸ್ಕೃತಿಕ ಕ್ರಾಂತಿ. ಹಳೆಯ ಆಲೋಚನೆ, ಹಳೆಯ ಸಂಸ್ಕೃತಿ, ಹಳೆಯ ರೂಢಿ, ಹಳೆಯ ಅಭ್ಯಾಸ, ಇವನ್ನೆಲ್ಲಾ ನಾಶ ಮಾಡಿ ಎಂಬ ಕರೆ. ಮೇಲ್ನೋಟಕ್ಕೆ 1915ರ ಮಾತೇ ಅಲ್ವಾ? ಆದರೆ ಈಗ ಅದರ ಹಿಂದೆ ಅಧಿಕಾರ ಇತ್ತು. ಆ ವರ್ಷ ನವೆಂಬರಿನಲ್ಲಿ ಕೆಂಪು ಕಾವಲುಗಾರರು ಎಂಬ ವಿದ್ಯಾರ್ಥಿ ಪಡೆಯವರು ಕನ್ಫ್ಯೂಷಿಯಸ್‌ನ ಊರಾದ ಚುಫುವಿಗೆ ಹೋಗಿ ಅಲ್ಲಿನ ಗುಡಿ, ಸಮಾಧಿಗಳನ್ನು ಒಡೆದರು. ಲಾವೊ ಶೆ, ಜನರ ಆಡುಮಾತಿನಲ್ಲೇ ದೊಡ್ಡ ಕಾದಂಬರಿ ಬರೆದ ಲೇಖಕ, ಅದೇ ವರ್ಷದ ಆಗಸ್ಟಿನಲ್ಲಿ ಸಭೆಯಲ್ಲಿ ಹೊಡೆತ ತಿಂದ. ಒಂದೆರಡು ದಿನದಲ್ಲಿ ಬೀಜಿಂಗಿನ ಒಂದು ಕೆರೆಯಲ್ಲಿ ಅವನ ಹೆಣ ಸಿಕ್ಕಿತು. ಆಡುಮಾತಿಗಾಗಿ ನಡೆದ ಚಳವಳಿಯ ಅತ್ಯುತ್ತಮ ಫಲಗಳಲ್ಲಿ ಒಬ್ಬ ಅವನು. ಅವನನ್ನು ಸಾವಿಗೆ ದೂಡಿದ್ದು ಆ ಚಳವಳಿಯ ವಾರಸುದಾರರು ತಾವು ಎಂದುಕೊಂಡವರು. ಈ ಭಾಗ ಓದಿದಾಗಲೆಲ್ಲಾ ನನಗೆ ಮುಂದೆ ಓದಲು ಆಗುವುದಿಲ್ಲ.

ಸಂಪ್ರದಾಯವನ್ನು ಟೀಕಿಸುವುದು ತಪ್ಪು ಎಂದು ನಾನು ಹೇಳುತ್ತಿಲ್ಲ. ಲು ಷುನ್ ಇಲ್ಲದ ಚೀನಾ ಇನ್ನೂ ಬಡವಾಗಿರುತ್ತಿತ್ತು. ಟೀಕೆಗೆ ಎದುರು ಮಾತಾಡುವ ಜಾಗ ಇರುವವರೆಗೆ ಅದು ಟೀಕೆ. ಆ ಜಾಗವನ್ನು ಸರ್ಕಾರ ಕಿತ್ತುಕೊಂಡ ಕ್ಷಣದಿಂದ ಅದು ಶಿಕ್ಷೆ.

ಒಂದೇ ಚಳವಳಿ ಎರಡು ದಿಕ್ಕಿಗೆ ಹೋಗುವುದಕ್ಕೆ ಇನ್ನೊಂದು ಉದಾಹರಣೆ ಕೊಡುತ್ತೇನೆ. 1930ರ ದಶಕದ ಪ್ಯಾರಿಸ್. ಮಾರ್ಟಿನಿಕ್ ದ್ವೀಪದ ಎಮೆ ಸೆಸೇರ್, ಸೆನೆಗಲ್‌ನ ಲಿಯೊಪೊಲ್ಡ್ ಸೆಂಗೊರ್, ಫ್ರೆಂಚ್ ಗಯಾನಾದ ಲಿಯೊನ್ ದಮಾಸ್, ಮೂವರೂ ಅಲ್ಲಿ ಓದುತ್ತಿದ್ದರು. ಫ್ರೆಂಚ್ ಪಠ್ಯಪುಸ್ತಕದಲ್ಲಿ 'ನಮ್ಮ ಪೂರ್ವಜರು ಗಾಲ್ ಜನ' ಎಂಬ ಪಾಠ ಇತ್ತು. ಗಾಲ್ ಅಂದರೆ ಫ್ರಾನ್ಸಿನ ಹಳೆಯ ಕಾಲದ ಜನ. ಆಫ್ರಿಕಾದ ಮಕ್ಕಳೂ ಅದನ್ನೇ ಕಲಿಯಬೇಕಿತ್ತು. ಈ ಮೂವರು ಕಪ್ಪು ಜನರ ಕಲೆ, ಲಯ, ನೆನಪು ಯಾವುದಕ್ಕೂ ಕಡಿಮೆಯಲ್ಲ ಎಂದು ಬರೆದರು. ನೆಗ್ರಿಟ್ಯೂಡ್ ಚಳವಳಿ ಹೀಗೆ ಹುಟ್ಟಿತು. ಸೆಂಗೊರ್ 1960ರಲ್ಲಿ ಸ್ವತಂತ್ರ ಸೆನೆಗಲ್‌ನ ಮೊದಲ ಅಧ್ಯಕ್ಷನಾದ. ಸೆಸೇರ್? ಅವನು 1946ರಲ್ಲಿ ಮಾರ್ಟಿನಿಕ್ ಅನ್ನು ಫ್ರಾನ್ಸಿನ ಪೂರ್ಣ ಜಿಲ್ಲೆಯಾಗಿ ಮಾಡುವ ಕಾನೂನನ್ನು ಸಂಸತ್ತಿನಲ್ಲಿ ಮುಂದೆ ನಿಂತು ಮಂಡಿಸಿದ. ದ್ವೀಪದ ಕೂಲಿಗಾರರಿಗೆ ಫ್ರಾನ್ಸಿನವರ ಸಮಾನ ಹಕ್ಕು ಸಿಗಲಿ ಎಂಬುದು ಅವನ ಆಸೆ. ಮಾರ್ಟಿನಿಕ್ ಇವತ್ತಿಗೂ ಫ್ರಾನ್ಸಿನ ಭಾಗ. ಒಂದೇ ಗೆಳೆತನ, ಒಂದೇ ಕಾವ್ಯ, ಆದರೆ ಒಬ್ಬನ ನಾಡಿಗೆ ಬಾವುಟ ಬಂತು, ಇನ್ನೊಬ್ಬನದಕ್ಕೆ ಬರಲಿಲ್ಲ. ಸಂಸ್ಕೃತಿ ಆತ್ಮಗೌರವ ಕೊಡುತ್ತದೆ. ಅದರಿಂದ ಯಾವ ರಾಜಕೀಯ ಬರುತ್ತದೆ ಎಂದು ಮೊದಲೇ ಹೇಳಲು ಆಗುವುದಿಲ್ಲ.

ಎಸ್ಟೋನಿಯಾದ ಮಾತು ಚಿಕ್ಕದಾಗಿ ಹೇಳಿ ಮುಂದೆ ಹೋಗುತ್ತೇನೆ. 1869ರಲ್ಲಿ ಅಲ್ಲಿನ ಟಾರ್ಟು ಊರಿನಲ್ಲಿ ಹಾಡಿನ ಹಬ್ಬ ಶುರುವಾಯಿತು. ಸೋವಿಯತ್ ಆಡಳಿತ ಬಂದಾಗ ಅದನ್ನು ನಿಲ್ಲಿಸಲಿಲ್ಲ, ತನ್ನ ಹಾಡುಗಳನ್ನು ತುಂಬಿ ನಡೆಸಿತು. ಜನ ಆ ಹಾಡುಗಳನ್ನು ಹಾಡಿದರು, ಕೊನೆಗೆ ತಮ್ಮದನ್ನೂ ಹಾಡಿದರು. ಹೀಗೆ ಹತ್ತಾರು ಸಾವಿರ ಜನ ಒಟ್ಟಿಗೆ ಸೇರುವ ಅಭ್ಯಾಸ ಉಳಿದುಕೊಂಡಿತು. 1988ರಲ್ಲಿ ರಾಜಧಾನಿ ಟ್ಯಾಲಿನ್‌ನ ಹಾಡಿನ ಹಬ್ಬದ ಮೈದಾನದಲ್ಲಿ ಲಕ್ಷಗಟ್ಟಲೆ ಜನ ಸೇರಿ ಸ್ವಾತಂತ್ರ್ಯದ ಮಾತೆತ್ತಿದರು. 1989ರ ಆಗಸ್ಟ್ 23ರಂದು ಎಸ್ಟೋನಿಯಾ, ಲಾಟ್ವಿಯಾ, ಲಿಥುವೇನಿಯಾ ಎಂಬ ಮೂರು ಬಾಲ್ಟಿಕ್ ದೇಶಗಳ ಉದ್ದಕ್ಕೂ, ಸುಮಾರು 600 ಕಿಲೋಮೀಟರ್, ಜನ ಕೈ ಕೈ ಹಿಡಿದು ನಿಂತರು. ಎರಡೇ ವರ್ಷದಲ್ಲಿ ಮೂರೂ ದೇಶ ಸ್ವತಂತ್ರವಾದವು.

ಕೊನೆಯದಾಗಿ ಬಂಗಾಳ. 1905ರಲ್ಲಿ ಬ್ರಿಟಿಷರು ಬಂಗಾಳವನ್ನು ಎರಡು ಮಾಡಿದಾಗ ರವೀಂದ್ರನಾಥ ಟ್ಯಾಗೋರರು ಹಲವು ಹಾಡು ಬರೆದರು. ಅದರಲ್ಲೊಂದು 'ಅಮಾರ್ ಸೋನಾರ್ ಬಾಂಗ್ಲಾ'. ಬಂಗಾಳ ಒಡೆಯಬಾರದು ಎಂಬ ಹಾಡು. 1911ರಲ್ಲಿ ಆ ವಿಭಜನೆ ರದ್ದಾಯಿತು. 1947ರಲ್ಲಿ ಬಂಗಾಳ ಮತ್ತೆ ಒಡೆಯಿತು, ಈ ಸಲ ಧರ್ಮದ ಹೆಸರಿನಲ್ಲಿ. ಪೂರ್ವ ಬಂಗಾಳ ಪಾಕಿಸ್ತಾನಕ್ಕೆ ಸೇರಿತು. ಇಡೀ ಪಾಕಿಸ್ತಾನದ ಅರ್ಧಕ್ಕಿಂತ ಹೆಚ್ಚು ಜನ ಬಂಗಾಳಿ ಮಾತಾಡುವವರು. ಆದರೂ 1948ರ ಮಾರ್ಚಿನಲ್ಲಿ ಜಿನ್ನಾ ಢಾಕಾಕ್ಕೆ ಬಂದು ಉರ್ದು ಮಾತ್ರವೇ ರಾಷ್ಟ್ರಭಾಷೆ ಎಂದರು. 1952ರ ಫೆಬ್ರವರಿ 21ರಂದು ಢಾಕಾದಲ್ಲಿ ವಿದ್ಯಾರ್ಥಿಗಳ ಮೇಲೆ ಪೊಲೀಸರು ಗುಂಡು ಹಾರಿಸಿದರು. ಧರ್ಮವನ್ನು ಆಧಾರ ಮಾಡಿಕೊಂಡ 'ನಾವು' ಅಲ್ಲಿಂದ ಬಿರುಕು ಬಿಡತೊಡಗಿತು, ಭಾಷೆಯ 'ನಾವು' ಬೆಳೆಯತೊಡಗಿತು. 1954ರ ಪ್ರಾಂತೀಯ ಚುನಾವಣೆಯಲ್ಲಿ, ಪಾಕಿಸ್ತಾನ ಕಟ್ಟಿದ ಮುಸ್ಲಿಂ ಲೀಗ್ ಅಲ್ಲಿ ನೆಲಕಚ್ಚಿತು. 1956ರ ಸಂವಿಧಾನದಲ್ಲಿ ಬಂಗಾಳಿಗೂ ರಾಷ್ಟ್ರಭಾಷೆಯ ಸ್ಥಾನ ಸಿಕ್ಕಿತು.

ಸ್ಥಾನ ಸಿಕ್ಕಿದ ಮೇಲೂ ಅನುಮಾನ ಹೋಗಲಿಲ್ಲ. 1961ರಲ್ಲಿ ಟ್ಯಾಗೋರರ ನೂರನೇ ವರ್ಷ ಆಚರಿಸುವುದು ಸರ್ಕಾರಕ್ಕೆ ಇಷ್ಟವಿರಲಿಲ್ಲ. ಢಾಕಾದವರು ಆಚರಿಸಿದರು. ಅದೇ ಹುರುಪಿನಲ್ಲಿ 'ಛಾಯಾನಟ್' ಎಂಬ ಸಂಗೀತ ಸಂಸ್ಥೆ ಹುಟ್ಟಿತು. 1967ರಲ್ಲಿ ರೇಡಿಯೋದಲ್ಲಿ ಟ್ಯಾಗೋರರ ಹಾಡುಗಳಿಗೆ ಕತ್ತರಿ ಹಾಕುವ ಮಾತು ಸರ್ಕಾರದಿಂದ ಬಂತು. ಅದೇ ವರ್ಷ ಛಾಯಾನಟ್ ರಮ್ನಾ ಉದ್ಯಾನದ ಮರದ ಕೆಳಗೆ ಬಂಗಾಳಿ ಹೊಸ ವರ್ಷವನ್ನು ಹಾಡಿನಿಂದ ಬರಮಾಡಿಕೊಂಡಿತ್ತು. ಹಾಡುವುದೇ ರಾಜಕೀಯವಾಗಿತ್ತು. 1970ರ ಚುನಾವಣೆಯಲ್ಲಿ ಪೂರ್ವ ಪಾಕಿಸ್ತಾನದ 162 ಸ್ಥಾನಗಳಲ್ಲಿ 160 ಬಂಗಾಳಿಗಳ ಪಕ್ಷವಾದ ಅವಾಮಿ ಲೀಗ್‌ಗೆ ಬಂದವು. ಅಧಿಕಾರ ಕೊಡಲಿಲ್ಲ. ಸೇನೆ ಬಂತು, ಹತ್ಯಾಕಾಂಡ ನಡೆಯಿತು, ಯುದ್ಧ ಆಯಿತು. 1971ರ ಡಿಸೆಂಬರ್ 16ರಂದು ಪಾಕಿಸ್ತಾನಿ ಸೇನೆ ಢಾಕಾದಲ್ಲಿ ಶರಣಾಯಿತು. ಬಂಗಾಳ ಒಡೆಯಬಾರದು ಎಂದು ಬರೆದ ಹಾಡು, ಅರ್ಧ ಬಂಗಾಳದ ರಾಷ್ಟ್ರಗೀತೆ ಆಯಿತು.

ಬಾಂಗ್ಲಾದೇಶ ಎಂಬ ಆ ಹೊಸ ದೇಶದ ಸಂವಿಧಾನ 1972ರಲ್ಲಿ ತಯಾರಾಗುತ್ತಿತ್ತು. ದೇಶದ ಪ್ರಜೆಗಳನ್ನೆಲ್ಲಾ 'ಬಂಗಾಳಿ' ಎಂದು ಕರೆಯಬೇಕು ಎಂದು ಅದರಲ್ಲಿ ಬರೆದರು. ಆಗ ಸಭೆಯಲ್ಲಿ ಒಬ್ಬರು ಎದ್ದು ನಿಂತರು. ಚಿತ್ತಗಾಂಗ್ ಬೆಟ್ಟ ಪ್ರದೇಶದ ಪ್ರತಿನಿಧಿ, ಮಾನಬೇಂದ್ರ ನಾರಾಯಣ ಲರ್ಮಾ. ನಾನು ಚಕ್ಮಾ, ನನ್ನ ಅಪ್ಪ, ಅಜ್ಜ ಯಾರೂ ಬಂಗಾಳಿ ಎಂದು ಹೇಳಿಕೊಂಡವರಲ್ಲ ಎಂಬುದು ಅವರ ವಾದ. ಯಾರೂ ಕಿವಿಗೊಡಲಿಲ್ಲ. ಅವರು ಸಭೆಯಿಂದ ಹೊರನಡೆದರು. ತಮ್ಮ ಭಾಷೆಗಾಗಿ ಪ್ರಾಣ ಕೊಟ್ಟ ಜನ, ಇಪ್ಪತ್ತೇ ವರ್ಷದಲ್ಲಿ, ಇನ್ನೊಬ್ಬರ ಹೆಸರನ್ನು ಬದಲಾಯಿಸಲು ಹೊರಟಿದ್ದರು. ಅದಕ್ಕೆ ಕೆಟ್ಟ ಉದ್ದೇಶ ಇತ್ತು ಎಂದು ನಾನು ಹೇಳಲಾರೆ. ಗೆದ್ದ 'ನಾವು' ಅಷ್ಟು ದೊಡ್ಡದಾಗಿ, ಅಷ್ಟು ಪ್ರೀತಿಯಿಂದ ತುಂಬಿತ್ತು, ಅದರ ಹೊರಗೆ ಯಾರಾದರೂ ಇರಬಹುದು ಎಂದು ಅವರಿಗೆ ಕಾಣಲೇ ಇಲ್ಲ. ಬೆಟ್ಟಗಳಲ್ಲಿ ಬಂದೂಕು ಎದ್ದಿತು. ಲರ್ಮಾ 1983ರಲ್ಲಿ ಕೊಲೆಯಾದರು. ಸರ್ಕಾರ ಮತ್ತು ಬೆಟ್ಟದ ಜನರ ಪಕ್ಷದ ನಡುವೆ ಒಪ್ಪಂದ ಆದದ್ದು 1997ರ ಡಿಸೆಂಬರ್ 2ರಂದು. ಅದರಲ್ಲಿ ಭೂಮಿಗೆ ಸಂಬಂಧಿಸಿದ ಭಾಗ ಪೂರ್ತಿಯಾಗಿ ಜಾರಿಯಾಗಿಲ್ಲ ಎಂದು ಅಲ್ಲಿನ ಜನ ಆಮೇಲೂ ವರ್ಷಗಟ್ಟಲೆ ಹೇಳುತ್ತಲೇ ಬಂದಿದ್ದಾರೆ.